ದೆವ್ವದ ಪಿಕ್ಚರಿಗೆ ಸದ್ದು

9 ಸೆಪ್ಟೆಂಬರ್ 1991, ಸೋಮವಾರ, ಹಿಂದೂಪುರ

ಮೊದಲಿಗೆ ಕ್ಷಮೆ ಕೇಳಿಬಿಡುತ್ತೇನೆ. ಬರೆದಿಡುವಂಥದ್ದು ನನ್ನ ಜೀವನದಲ್ಲಿ ಏನೂ ಆಗಿಲ್ಲ. ಈ ನೋಟ್‌ಬುಕ್ಕೂ ಕೆಮಿಸ್ಟ್ರಿ ರೆಕಾರ್ಡಿಗೆಂದು ಅಪ್ಪ ಕೊಡಿಸಿದ್ದು. ಯಾರಲ್ಲಿ ಕ್ಷಮೆ ಕೇಳುತ್ತಿದ್ದೇನೋ ಅದೂ ಗೊತ್ತಿಲ್ಲ. ಒಂದನೇ ಕ್ಲಾಸಿನಿಂದ ಇಂಗ್ಲಿಷ್ ಮೀಡಿಯಂ ಹಾಸ್ಟೆಲಿನಲ್ಲಿ ಬೆಳೆದವನಿಗೆ, ಏನು ಬರೆದರೂ ಯಾರೋ ಒಬ್ಬರು ಓದೇ ಓದುತ್ತಾರೆ ಅನ್ನಿಸುತ್ತದೆ.

ಸಮಸ್ಯೆ ಇಷ್ಟು. ಕಾಲೇಜು ಸೇರಿ ಎರಡು ತಿಂಗಳಾಯಿತು. ಒಂದು ದಿನವೂ ತಪ್ಪಿಸಿಲ್ಲ. ಆದರೂ ನನ್ನ ಅಟೆಂಡೆನ್ಸ್ ಮೂವತ್ತೊಂದು ಪರ್ಸೆಂಟ್. ರೋಲ್ ನಂಬರ್ ನಲವತ್ಮೂರು ಎಂದು ಕೂಗಿದಾಗ ನನ್ನ ಬಾಯಿಂದ ಸದ್ದು ಹೊರಡುವುದಿಲ್ಲ. ಇಲ್ಲಿ ಎಲ್ಲರೂ ‘ಎಸ್ಸಾರ್’ ಅನ್ನುತ್ತಾರೆ. ನಮ್ಮ ಸ್ಕೂಲಿನಲ್ಲಿ ‘ಪ್ರೆಸೆಂಟ್ ಸರ್’ ಅನ್ನಬೇಕಿತ್ತು. ಅದನ್ನು ಅಂದರೆ ಹಿಂದಿನ ಬೆಂಚಿನವರು ನಗುತ್ತಾರೆ, ಇದನ್ನು ಅಂದರೆ ನಾಟಕ ಆಡಿದಂತಾಗುತ್ತದೆ. ಯಾವುದನ್ನು ಅನ್ನಬೇಕು ಎಂದು ತೀರ್ಮಾನವಾಗುವಷ್ಟರಲ್ಲಿ ನಲವತ್ನಾಲ್ಕು ಬಂದಿರುತ್ತದೆ.

ಭಯಗಳನ್ನು ಬರೆದರೆ ಕಡಿಮೆಯಾಗುತ್ತವೆ ಎಂದು ರೂಂಮೇಟ್ ಕದಿರಪ್ಪ ಹೇಳಿದ. ಸೀನಿಯರ್‌ಗಳು. ಬಸ್ ಸ್ಟ್ಯಾಂಡಿನ ಕಂದು ನಾಯಿ. ರೂಮಿನ ಫ್ಯಾನು, ಅದರ ಒಂದು ರೆಕ್ಕೆ ಬಗ್ಗಿದೆ. ಮೆಸ್ಸಿನಲ್ಲಿ ಇನ್ನೊಂದು ಮುದ್ದೆ ಕೇಳುವುದು. ಅಪ್ಪನ ಕಾಗದ. ಕನ್ನಡ ಮಾತಾಡುವಾಗ ನಡುವೆ ಇಂಗ್ಲಿಷ್ ಬಂದುಬಿಡುವುದು, ಇಂಗ್ಲಿಷ್ ಮಾತಾಡುವಾಗ ತೆಲುಗು ಬಂದುಬಿಡುವುದು. ಬರೆದ ಮೇಲೆ ಕಡಿಮೆಯೇನೂ ಆಗಲಿಲ್ಲ. ಒಂದು ಲಿಸ್ಟ್ ಆಯಿತು.

12 ಸೆಪ್ಟೆಂಬರ್, ಗುರುವಾರ

ಐಡೆಂಟಿಟಿ ಕಾರ್ಡಿಗೆ ಫೋಟೋ ಬೇಕಿತ್ತು. ರೈಲ್ವೆ ಸ್ಟೇಷನ್ ರಸ್ತೆಯ ಒಂದು ಸ್ಟುಡಿಯೋಗೆ ಹೋದೆ. ಮದುವೆ ವಿಡಿಯೋ ತೆಗೆಯುವ ಮುನೆಪ್ಪ ಎಂಬವರದು. ಸ್ಟೂಲಿನ ಮೇಲೆ ಕೂರಿಸಿ, ‘ಗದ್ದ ಮೇಲೆತ್ತು’ ಎಂದರು. ಎತ್ತಿದೆ. ಎದುರಿಗೆ ಪರದೆಯ ಸಂದಿಯಲ್ಲಿ ಒಂದು ಟಿವಿ ಓಡುತ್ತಿತ್ತು. ಅದರಲ್ಲಿ ಒಂದು ಹೆಂಗಸಿನ ಮುಖ ಹುಣಸೆಮರದ ಹಿಂದಿನಿಂದ ಬಂದು ನೇರ ನನ್ನನ್ನು ನೋಡಿತು.

ನಾನು ಕಿರುಚಿದೆ. ಸ್ಟೂಲು ಬಿತ್ತು. ಬೀಳುವಾಗ ಲೈಟಿನ ಸ್ಟ್ಯಾಂಡನ್ನು ಹಿಡಿದುಕೊಂಡೆ, ಅದೂ ಬಿತ್ತು.

ಒಳಗಿನಿಂದ ಒಬ್ಬ ಹೆಂಗಸು ಬೊರುಗುಲ, ಅದೇ ಮಂಡಕ್ಕಿ, ತಿನ್ನುತ್ತ ಬಂದರು. ಟಿವಿಯಲ್ಲಿದ್ದ ಮುಖವೇ. ನಾನು ಇನ್ನೊಮ್ಮೆ ಕಿರುಚಿದೆ.

‘ಅಕ್ಕಾ, ಕೂಗ್ಬುಟ್ಟ ಕಣಕ್ಕ,’ ಅಂದರು ಮುನೆಪ್ಪ. ಅವರ ಮುಖದಲ್ಲಿ ಮದುವೆಮನೆಯ ಕಳೆ ಇತ್ತು. ‘ನಿನ್ನ ನೋಡಿ ಒಬ್ಬ ಕೂಗ್ಬುಟ್ಟ.’

‘ನಮ್ಮೆಜಮಾನ್ರೂ ಮೊದಮೊದ್ಲು ಹಿಂಗೇಯ,’ ಅಂದರು ಅವರು. ‘ಆಮೇಲೆ ಒಗ್ಗೋಯ್ತು.’

ಅವರು ಮುನೆಪ್ಪನವರ ಅಕ್ಕ, ಹೆಸರು ಆದಿಲಕ್ಷ್ಮಮ್ಮ, ಊರಾಚೆ ರೇಷ್ಮೆಹುಳ ಸಾಕುತ್ತಾರೆ. ಮುನೆಪ್ಪ ಒಂದು ದೆವ್ವದ ಪಿಕ್ಚರ್ ತೆಗೆಯುತ್ತಿದ್ದಾರೆ, ಮದುವೆ ಕ್ಯಾಮರಾದಲ್ಲಿ, ಮುಹೂರ್ತಗಳಿಲ್ಲದ ದಿನಗಳಲ್ಲಿ. ವಿಡಿಯೋ ಪಾರ್ಲರ್‌ಗಳಿಗೆ ಕೊಡುವುದಂತೆ. ಹುಣಸೆಮರ ಗುತ್ತಿಗೆ ಹಿಡಿದವನೊಬ್ಬ ತೋಪಿನ ಹಳೇ ಮನೆಯಲ್ಲಿ ಉಳಿಯುತ್ತಾನೆ, ಅಲ್ಲಿ ದೆವ್ವ ಇದೆ. ಅಷ್ಟೇ ಕಥೆ. ದೆವ್ವ ಮಾತಾಡುವುದಿಲ್ಲ, ಹೀಗಾಗಿ ತೆಲುಗಿಗೂ ಆಯಿತು ಕನ್ನಡಕ್ಕೂ ಆಯಿತು. ಇಲ್ಲಿಯವರೆಗೆ ನೋಡಿದವರೆಲ್ಲ ‘ಓ, ಹುಳದ ಆದಿಲಕ್ಷ್ಮಮ್ಮ ಅಲ್ವಾ’ ಎಂದು ನಕ್ಕಿದ್ದಾರೆ. ಹೆದರಿದವನು ನಾನೊಬ್ಬನೇ.

ಟೇಪನ್ನು ಹಿಂದಕ್ಕೆ ತಿರುಗಿಸಿ ಅದೇ ಸೀನು ಮತ್ತೆ ಹಾಕಿದರು. ಟಿವಿಯನ್ನು ನೋಡಲಿಲ್ಲ, ನನ್ನನ್ನು ನೋಡಿದರು. ನಾನು ಹೆದರಿದೆ.

‘ಏನ್ಲಾ ನಿನ್ನೆಸ್ರು?’

‘ಮರುಳಸಿದ್ದ. ಕಲ್ಯಾಣದುರ್ಗ. ಐ ಆಮ್ ಸಾರಿ ಫಾರ್ ದ ಲೈಟ್.’

‘ಇಂಗ್ಲೀಷು,’ ಅಂದರು ಅಕ್ಕನ ಕಡೆ ತಿರುಗಿ. ಆಮೇಲೆ ನನಗೆ, ‘ಏನಾರ ಬಾರಿಸ್ತೀಯಾ?’

ಸ್ಕೂಲಿನಲ್ಲಿ ಪ್ರೇಯರ್‌ಗೆ ಹಾರ್ಮೋನಿಯಂ ಬಾರಿಸುತ್ತಿದ್ದೆ ಎಂದೆ. ‘ಚಾಲು,’ ಅಂದರು ತೆಲುಗಿನಲ್ಲಿ, ಅಷ್ಟು ಸಾಕು ಎಂದು. ‘ನಾಳೆಯಿಂದ ಕಾಲೇಜ್ ಬಿಟ್ಮ್ಯಾಲೆ ಬಾ. ಮ್ಯೂಸಿಕ್ಕೂ ನೀನೇ, ಹೆದ್ರಿಕೆ ಅಳೆಯೋ ಮೀಟ್ರೂ ನೀನೇ.’

ಫೋಟೋದಲ್ಲಿ ಕಣ್ಣು ಮುಚ್ಚಿಕೊಂಡಿದ್ದೇನೆ.

20 ಸೆಪ್ಟೆಂಬರ್, ಶುಕ್ರವಾರ

ಕೆಲಸ ಹೀಗಿದೆ. ಮುನೆಪ್ಪಣ್ಣನ ಷಡ್ಡಕ ಕುವೈತಿನಿಂದ ತಂದ ಒಂದು ಸಣ್ಣ ಕ್ಯಾಸಿಯೋ ಕೀಬೋರ್ಡ್ ಇದೆ. ಅದರಲ್ಲಿ ವಯಲಿನ್ ಎಂದು ಬರೆದಿರುವ ಬಟನ್ ಒತ್ತಿದರೆ ನೆಗಡಿಯಾದ ಪಿಟೀಲು ಬರುತ್ತದೆ. ಪಕ್ಕಪಕ್ಕದ ಎರಡು ಕೀಗಳನ್ನು ಒಟ್ಟಿಗೆ ಒತ್ತಿ ಹಿಡಿದರೆ ಹಲ್ಲು ಜುಮ್ಮೆನ್ನುತ್ತದೆ. ಅದನ್ನು ಟೇಪ್ ರೆಕಾರ್ಡರಿನಲ್ಲಿ ಹಿಡಿದು, ಆಮೇಲೆ ಸೆಲ್ಲುಗಳನ್ನು ಬದಲಾಯಿಸಿ ಹಾಕಬೇಕು. ಹೊಸ ಸೆಲ್ಲಿಗೆ ರೆಕಾರ್ಡು, ಸಾಯುತ್ತಿರುವ ಸೆಲ್ಲಿಗೆ ಪ್ಲೇ. ಟೇಪು ಎಳೆದೆಳೆದು ಓಡಿ ಪಿಟೀಲು ಎಮ್ಮೆಯಾಗುತ್ತದೆ.

ಸತ್ತೇ ಹೋದ ಸೆಲ್ಲಿನಿಂದ ಪ್ರಯೋಜನವಿಲ್ಲ, ಸಾಯುತ್ತಿರಬೇಕು. ಮುನೆಪ್ಪಣ್ಣ ಬೀದಿಯ ಅಂಗಡಿಗಳಿಗೆಲ್ಲ ಹೇಳಿಟ್ಟಿದ್ದಾರೆ. ಜನ ಟಾರ್ಚಿನ ಬೆಳಕು ಹಳದಿಗೆ ತಿರುಗಿದ ಕೂಡಲೇ ತಂದುಕೊಡುತ್ತಾರೆ. ಅವುಗಳನ್ನು ಮೂರು ಡಬ್ಬಿಯಲ್ಲಿ ಹಾಕಿಟ್ಟಿದ್ದೇನೆ: ಸುಸ್ತು, ಜ್ವರ, ಊರ್ಧ್ವಶ್ವಾಸ.

ಒಂದು ತುಣುಕು ಮಾಡಿದ ಮೇಲೆ ಅದನ್ನು ಸೀನಿಗೆ ಸೇರಿಸಿ ನನಗೇ ತೋರಿಸುತ್ತಾರೆ. ಮುನೆಪ್ಪಣ್ಣ ಬೆನ್ನು ಟಿವಿಗೆ ಮಾಡಿ ನನ್ನೆದುರು ಕೂರುತ್ತಾರೆ. ಬೆವರಿದರೆ ಪಾಸು. ಇಂದು ಮೂರು ತುಣುಕು ಪಾಸಾದವು. ನನ್ನ ಹೆದರಿಕೆಯಿಂದ ಇನ್ನೊಬ್ಬರಿಗೆ ಉಪಯೋಗವಾದದ್ದು ಇದೇ ಮೊದಲು. ಹಾಸ್ಟೆಲಿಗೆ ನಡೆದು ಬರುವಾಗ ನನ್ನ ಹತ್ತಿರ ಒಂದು ಸರ್ಟಿಫಿಕೇಟ್ ಇದ್ದಂತೆ ಅನ್ನಿಸಿತು. ನಾಯಿ ಇತ್ತು, ಬೇರೆ ರಸ್ತೆಯಲ್ಲಿ ಬಂದೆ.

6 ಅಕ್ಟೋಬರ್, ಭಾನುವಾರ

ಹುಳದ ಮನೆಗೆ ಹೋಗಿದ್ದೆ. ಕೈಕಾಲು ತೊಳೆಸಿ ಒಳಗೆ ಬಿಟ್ಟರು. ಕತ್ತಲು ಕತ್ತಲು, ತಟ್ಟೆ ಮೇಲೆ ತಟ್ಟೆ ಸೂರಿನವರೆಗೆ. ನಾಲ್ಕನೇ ಜ್ವರ, ಅಂದರೆ ನಾಲ್ಕನೇ ಸಲ ಪೊರೆ ಬಿಟ್ಟು, ಎದ್ದ ಹುಳಗಳಂತೆ, ಬೆರಳು ಗಾತ್ರ, ಬಿಳಿ. ಆದಿಲಕ್ಷ್ಮಮ್ಮ ಸೊಪ್ಪು ಹಾಸಿದರು. ಒಂದು ನಿಮಿಷ ಏನೂ ಇಲ್ಲ. ಆಮೇಲೆ ಶುರುವಾಯಿತು. ಸರಸರಸರ ಎಂದು ನಾಲ್ಕೂ ಗೋಡೆಯಿಂದ. ಸಾವಿರಾರು ಬಾಯಿ, ಒಂದೂ ಕಾಣುವುದಿಲ್ಲ. ನಾನು ಬಾಗಿಲ ಕಡೆ ಸರಿದೆ.

‘ಹೆದ್ರಿಕೆ ಏನಕ್ಕಪ್ಪ? ಉಣ್ತಾವೆ ಅಷ್ಟೇಯ. ಹಾಸ್ಟ್ಲಾಗೆ ನೀವು ಉಣ್ಣಲ್ವಾ?’

‘ನಮ್ಮದು ಇಷ್ಟು ಸದ್ದಾಗಲ್ಲಕ್ಕ.’

‘ಒಂದಿನ ಬಾಗ್ಲಾಗೆ ನಿಂತ್ಕಂಡು ಕೇಳು.’

ಎರಡು ಕ್ಯಾಸೆಟ್ ತುಂಬ ರೆಕಾರ್ಡ್ ಮಾಡಿಕೊಂಡೆ. ಇದೇ ನಮ್ಮ ದೆವ್ವ. ಅದು ಬರುವುದಕ್ಕೆ ಮುಂಚೆ ಈ ಸದ್ದು ಬರಬೇಕು, ಬೇರೇನೂ ಬೇಡ. ಮುನೆಪ್ಪಣ್ಣ ನನ್ನ ಮುಖ ನೋಡಿಯೇ ಪಾಸು ಮಾಡಿದರು, ಕ್ಯಾಸೆಟ್ ಕೇಳಲೂ ಇಲ್ಲ.

7 ಅಕ್ಟೋಬರ್

ಮೆಸ್ಸಿನ ಬಾಗಿಲಲ್ಲಿ ನಿಂತು ಕೇಳಿದೆ. ಅವರು ಹೇಳಿದ್ದು ನಿಜ.

18 ಅಕ್ಟೋಬರ್, ಶುಕ್ರವಾರ

ಒಂದು ತೊಂದರೆ ಕಾಣಿಸಿಕೊಂಡಿದೆ. ಹಳೇ ಮನೆಯ ಬಾಗಿಲು ತಾನೇ ತೆರೆದುಕೊಳ್ಳುವ ಸೀನಿಗೆ ಹದಿನೈದು ದಿನ ಕೂತು ಮಾಡಿದ ತುಣುಕು ನಿನ್ನೆ ಸಾಯಂಕಾಲ ಹಾಕಿದರು. ನಾನು ಬೆವರಲಿಲ್ಲ. ‘ಇನ್ನೊಂದ್ ಸಲ’ ಅಂದರು. ಬಾಗಿಲು ತೆರೆಯುವುದಕ್ಕೂ ಪಿಟೀಲಿಗೂ ಅರ್ಧ ಸೆಕೆಂಡ್ ವ್ಯತ್ಯಾಸ ಇರುವುದು ಕಂಡಿತು, ಅದನ್ನು ಹೇಳಿದೆ.

‘ಅದನ್ನ ನಾನು ನೋಡ್ಕಂತೀನಿ. ನೀನು ಹೆದರ್ಲಾ.’

ಪ್ರಯತ್ನ ಮಾಡಿದೆ. ಬರಲಿಲ್ಲ. ಮೀಟ್ರು ಕೆಟ್ಟಿದೆ ಎಂದು ಅವರು ಓಬಳಪ್ಪನ ಹತ್ತಿರ ಹೇಳುವುದು ಕೇಳಿಸಿತು. ಓಬಳಪ್ಪ ನಮ್ಮ ಹೀರೋ, ಕೊಡಿಕೊಂಡ ಚೆಕ್‌ಪೋಸ್ಟ್ ಹತ್ತಿರ ಟೀ ಅಂಗಡಿ ಇಟ್ಟಿದ್ದಾನೆ. ಅವನು, ‘ಎಣ್ಣೆ ಬಿಡು ಅಣ್ಣ’ ಅಂದ.

ಚಿಂತೆಯಾಗಿದೆ. ಮನಸ್ಸು ಅಲ್ಲೇ ಇದ್ದುದರಿಂದ ಬೆಳಿಗ್ಗೆ ರೋಲ್ ಕಾಲ್‌ನಲ್ಲಿ ಏನನ್ನಬೇಕು ಎಂದು ಯೋಚಿಸುವುದು ಮರೆತು ‘ಪ್ರೆಸೆಂಟ್ ಸರ್’ ಅಂದುಬಿಟ್ಟೆ. ಲೆಕ್ಚರರ್ ತಲೆಯೆತ್ತಿ ನೋಡಿ, ‘ನ್ಯೂ ಅಡ್ಮಿಷನ್ನಾ?’ ಎಂದು ಕೇಳಿದರು. ಎಲ್ಲರೂ ನಕ್ಕರು. ಅದಲ್ಲ ಮುಖ್ಯ. ಬಾಗಿಲಿನ ಸೀನು ಏಕೆ ಕೆಟ್ಟಿತು ಎಂಬುದು ಮುಖ್ಯ.

3 ನವೆಂಬರ್, ಭಾನುವಾರ, ಕಲ್ಯಾಣದುರ್ಗ

ದೀಪಾವಳಿ ರಜ. ಇವತ್ತು ಟ್ರಯಲ್ ಶೋ ಆಯಿತು.

ಹಿಂದೂಪುರದಲ್ಲಿ ಎಲ್ಲರಿಗೂ ದೆವ್ವದ ಪರಿಚಯ ಇರುವುದರಿಂದ ಬೇರೆ ಊರಲ್ಲಿ ತೋರಿಸಬೇಕು ಎಂದು ಮುನೆಪ್ಪಣ್ಣ ಹೇಳಿದ್ದರು. ನಮ್ಮ ಅಪ್ಪ ಮಲ್ಲಿಕಾರ್ಜುನಪ್ಪನವರದು ಕಡ್ಲೆಕಾಯಿ ಮಂಡಿ, ಹಿಂದೆ ದೊಡ್ಡ ಗೋಡೌನು. ಕೇಳುವ ಧೈರ್ಯ ಇರಲಿಲ್ಲ, ಆದರೆ ಬಾಗಿಲಿನ ಸೀನಿನ ಚಿಂತೆಯಲ್ಲಿ ಕೇಳಿಬಿಟ್ಟೆ. ಅಪ್ಪ ಕನ್ನಡಕ ತೆಗೆದು, ‘ದೆವ್ವದ್ದಾ? ಮಂಗಳವಾರ ಬ್ಯಾಡ, ಭಾನುವಾರ ಇಟ್ಕೊ’ ಅಂದರು.

ಮಧ್ಯಾಹ್ನ ಎರಡು ಗಂಟೆ. ಕಿಟಕಿಗೆ ಗೋಣಿ ಕಟ್ಟಿ, ಮೂಟೆಗಳ ಮೇಲೆ ಟಿವಿ ಇಟ್ಟು, ಮದುವೆಯ ಸೌಂಡ್ ಬಾಕ್ಸ್ ಎರಡೂ ಜೋಡಿಸಿದೆವು. ಕಾಯಿ ಆರಿಸುವ ಹೆಂಗಸರು, ಹಮಾಲಿಗಳು, ಕುಂದುರ್ಪಿ, ಸೆಟ್ಟೂರು ಕಡೆಯಿಂದ ಮಾಲು ತಂದವರು, ಎಲ್ಲ ಸೇರಿ ಅರವತ್ತು ಜನ. ಅಮ್ಮನೂ ಬಾಗಿಲ ಹತ್ತಿರ ಕೂತಿದ್ದಳು. ಆದಿಲಕ್ಷ್ಮಮ್ಮನನ್ನು ಯಾರೂ ಗುರುತಿಸದಿರಲೆಂದು ಸೆರಗು ಮುಚ್ಚಿ ಹಿಂದಿನ ಸಾಲಿನಲ್ಲಿ ಕೂರಿಸಿದ್ದೆವು.

ಹುಣಸೆ ತೋಪು ಬಂತು. ಜನ ಸುಮ್ಮನಾದರು. ಓಬಳಪ್ಪ ಲಾಟೀನು ಹಿಡಿದು ಹೊರಟ. ಈಗ ಹುಳದ ಸದ್ದು. ಸರಸರಸರ, ನಾಲ್ಕೂ ಗೋಡೆಯಿಂದ.

ಆರಿಸುವವರ ಪೈಕಿ ಹಿರಿಯಳಾದ ಮುನಿಯಕ್ಕ ಎದ್ದು ನಿಂತಳು. ನಾನು ಮುನೆಪ್ಪಣ್ಣನ ಕೈ ಹಿಡಿದುಕೊಂಡೆ.

‘ಮಳೆ ಬಂತು ಕಣ್ರೇ,’ ಅಂದಳು ಮುನಿಯಕ್ಕ. ‘ಕಾಯಿ ನೆನೀತವೆ, ಏಳ್ರಿ.’

ಹೊರಗೆ ಕಣದಲ್ಲಿ ಅಪ್ಪನ ಕಾಯಿ ಒಣಗಲು ಹಾಕಿತ್ತು. ಹತ್ತು ಸೆಕೆಂಡಿನಲ್ಲಿ ಗೋಡೌನು ಖಾಲಿ. ಅಪ್ಪ ಎಲ್ಲರಿಗಿಂತ ಮುಂದೆ ಓಡಿದರು. ಹಮಾಲಿಗಳು ಟಾರ್ಪಾಲು ಎಳೆದರು. ಅಮ್ಮ ಹಿತ್ತಿಲಿನ ಹಪ್ಪಳ ತೆಗೆಯಲು ಓಡಿದಳು. ಒಳಗೆ ಟಿವಿಯಲ್ಲಿ ದೆವ್ವ ಬಂದು, ಮೂಟೆಗಳನ್ನು ನೋಡಿ, ಹೋಯಿತು.

ಆಕಾಶದಲ್ಲಿ ಒಂದೂ ಮೋಡ ಇರಲಿಲ್ಲ. ಜನ ಸ್ವಲ್ಪ ಹೊತ್ತು ಮೇಲೆ ನೋಡಿ ವಾಪಸು ಬಂದು ಕೂತರು. ವಿಷಯ ವಿವರಿಸಿದೆವು. ಇದು ಪಿಕ್ಚರಿನ ಸದ್ದು, ಮಳೆಯಲ್ಲ. ಎಲ್ಲರೂ ತಲೆಯಾಡಿಸಿದರು. ಇಪ್ಪತ್ತು ನಿಮಿಷದ ನಂತರ ಸದ್ದು ಎರಡನೇ ಸಲ ಬಂದಾಗ ಅರ್ಧ ಜನ ಓಡಿದರು. ಉಳಿದವರು ಕಣ್ಣು ಮುಚ್ಚಿ ಹಿತವಾಗಿ ಕೇಳುತ್ತಿದ್ದರು. ಒಬ್ಬ ಹಮಾಲಿ ಗೊರಕೆ ಹೊಡೆದ.

ಕೊನೆಯಲ್ಲಿ ಮುನಿಯಕ್ಕ ನನ್ನ ತಲೆ ಸವರಿ, ‘ಬಲೇ ಚೆನ್ನಾಗೈತೆ ಕಣಪ್ಪ ಮಳೆ. ಇನ್ನೊಂದ್ ದಪ ಹಾಕ್ತೀರಾ?’ ಎಂದು ಕೇಳಿದಳು.

6 ನವೆಂಬರ್, ಬುಧವಾರ

ಮುನೆಪ್ಪಣ್ಣನೂ ನಾನೂ ಬಸ್ಸಿನಲ್ಲಿ ವಾಪಸು ಹೊರಟೆವು. ಸೀಟು ಸಿಗದೆ ನಾವು ಟಾಪಿನ ಮೇಲೆ ಕೂತಿದ್ದೆವು, ಸೌಂಡ್ ಬಾಕ್ಸ್ ಹಿಡಿದುಕೊಂಡು. ಪಾವಗಡ ದಾಟಿದ ಮೇಲೆ ಅವರು ಹೇಳಿದರು.

‘ಡಿಸೆಂಬರ್ ಹದಿನೈದಕ್ಕೆ ಪಾರ್ಲರ್‌ನೋರು ಕಲ್ಯಾಣದುರ್ಗಕ್ಕೇ ಬತ್ತಾರೆ, ಪಿಕ್ಚರ್ ನೋಡಾಕೆ. ಅವೊತ್ತು ಒಬ್ಬನಾರ ಹೆದರ್ಬೇಕು. ಇಲ್ಲಾಂದ್ರೆ ಬೆಂಗ್ಳೂರ್ನಾಗೆ ರೆಡಿ ಮ್ಯೂಸಿಕ್ಕಿನ ಕ್ಯಾಸೆಟ್ ಸಿಕ್ತಾವಂತೆ, ಅದ್ನೇ ಹಾಕ್ತೀನಿ. ನಿನ್ ಮ್ಯಾಲೆ ಸಿಟ್ಟಿಲ್ಲ ಇಂಗ್ಲೀಷು. ಆದ್ರೆ ನೀನೂ ಹೆದರಾಕಿಲ್ಲ, ನಿನ್ ಮ್ಯೂಸಿಕ್ಕೂ ಹೆದರ್ಸಾಕಿಲ್ಲ ಅಂದ್ರೆ ನಿನ್ನ ಯಾತಕ್ಕೆ ಇಟ್ಕಳ್ಳಲಿ?’

ಸರಿಯಾದ ಪ್ರಶ್ನೆ. ನನ್ನ ಹತ್ತಿರ ಇದ್ದದ್ದು ಅದೊಂದೇ. ಹಾರ್ಮೋನಿಯಂ ನನಗಿಂತ ಚೆನ್ನಾಗಿ ಬಾರಿಸುವವರು ಹಿಂದೂಪುರದಲ್ಲಿ ಬೇಕಾದಷ್ಟು ಜನ ಇದ್ದಾರೆ. ಈ ಕೆಲಸ ಹೋದರೆ ನಾನು ಮತ್ತೆ ಬರೀ ರೋಲ್ ನಂಬರ್ ನಲವತ್ಮೂರು.

ಊರಲ್ಲಿ ಹೊರಡುವಾಗ ಅಪ್ಪ, ‘ಪಿಕ್ಚರ್ ಹೆಂಗೋ ಏನೋ, ಮಳೆ ಮಾತ್ರ ಬರಿಸಿದೆ ಕಣಪ್ಪ’ ಅಂದರು. ಅಪ್ಪ ನನ್ನ ಜೊತೆ ಹಾಸ್ಯ ಮಾಡಿದ್ದು ನೆನಪಿಲ್ಲ. ನಾನೂ ಏನೋ ಅಂದೆ, ಅವರು ನಕ್ಕರು. ಏನಂದೆ ಎಂದು ಮರೆತುಹೋಗಿದೆ, ತಲೆಯಲ್ಲಿ ಪೂರ್ತಿ ಡಿಸೆಂಬರ್ ಹದಿನೈದು.

11 ನವೆಂಬರ್

ನಾಯಿಯ ಹತ್ತಿರ ಹೋಗಿ ಕೂತೆ, ಹೆದರಿಕೆ ಬರುತ್ತದೇನೋ ಎಂದು. ಅದು ಮಲಗಿತ್ತು. ಹಲ್ಲಿಲ್ಲ.

12 ನವೆಂಬರ್

ಸೀನಿಯರ್‌ಗಳ ರೂಮಿಗೆ ನಾನಾಗಿಯೇ ಹೋದೆ. ಏನು ಬೇಕು ಎಂದು ಕೇಳಿದರು. ಏನಿಲ್ಲ ಎಂದೆ. ಟೀ ಕೊಟ್ಟರು.

17 ನವೆಂಬರ್, ಭಾನುವಾರ

ಮುನೆಪ್ಪಣ್ಣ ಸ್ಟುಡಿಯೋ ಬಾಗಿಲು ಹಾಕಿ ಎದುರಿಗೆ ಕೂತರು. ‘ಪಿಕ್ಚರ್ ಬಿಡು. ನಿಜವಾಗ್ಲೂ ಯಾವುದಕ್ಕೆ ಹೆದರಿದ್ದೆ ಹೇಳು. ಸಣ್ಣೋನಾಗಿದ್ದಾಗ.’

ನಾಯಿ ಎಂದೆ. ಅವರು ನನ್ನ ಮುಖ ನೋಡಿದರು. ಎರಡು ತಿಂಗಳು ನನ್ನ ಮುಖವನ್ನೇ ನೋಡಿದವರು.

‘ಸುಳ್ಳು,’ ಅಂದರು. ‘ನಾಳೆ ಹೇಳೀವಂತೆ, ಹೋಗು.’

ಹೇಳುವುದಕ್ಕಿಂತ ಇಲ್ಲಿ ಬರೆಯುವುದು ಸುಲಭ.

ನಮ್ಮ ಸ್ಕೂಲ್ ಹಾಸ್ಟೆಲಿನ ವಾರ್ಡನ್ ಎರ್ರಪ್ಪ ಸರ್. ಅವರು ಕಿರ್ರು ಮೆಟ್ಟು ಎಂಬ ತೊಗಲಿನ ಚಪ್ಪಲಿ ಹಾಕುತ್ತಿದ್ದರು. ಊರ ಕಡೆ ದೊಡ್ಡ ಮನುಷ್ಯರು ಹೇಳಿ ಮಾಡಿಸುತ್ತಿದ್ದರಲ್ಲ, ಹೆಜ್ಜೆಗೊಂದು ಸಲ ಕಿರ್ರ್ ಎನ್ನುವಂಥದ್ದು, ಬರುತ್ತಿದ್ದೇನೆ ಎಂದು ಬೀದಿಗೆಲ್ಲ ತಿಳಿಯಲಿ ಎಂದು. ಅಂಥದ್ದು. ಸಾಯಂಕಾಲ ಆರರಿಂದ ಎಂಟು ಸ್ಟಡಿ ಅವರ್. ಎರಡು ಸಾಲು ಬೆಂಚು, ನಡುವೆ ದಾರಿ. ತಲೆ ತಿರುಗಿಸಬಾರದು. ಸರ್ ಹಿಂದಿನಿಂದ ಬರುತ್ತಿದ್ದರು. ಕಿರ್ರ್, ಕಿರ್ರ್, ಕಿರ್ರ್. ಯಾರ ಹಿಂದೆ ಸದ್ದು ನಿಲ್ಲುತ್ತದೋ ಅವನಿಗೆ ಬೀಳುತ್ತಿತ್ತು. ಏನು ಬೀಳುತ್ತದೆ, ಯಾವ ಕಡೆಯಿಂದ, ಗೊತ್ತಾಗುತ್ತಿರಲಿಲ್ಲ. ಕೆಲವು ಸಲ ಏನೂ ಬೀಳುತ್ತಿರಲಿಲ್ಲ. ಆಗ ಇನ್ನೂ ಕಷ್ಟ.

ಸದ್ದು ಕೇಳುತ್ತಿರುವಷ್ಟು ಹೊತ್ತು ನಾವು ಆರಾಮಾಗಿ ಓದುತ್ತಿದ್ದೆವು. ಇದನ್ನು ಈಗ ಬರೆಯುವಾಗ ಗಮನಿಸಿದೆ.

ನಾಲ್ಕು ವರ್ಷ ಅವರ ಮುಖವನ್ನು ನಾನು ಸರಿಯಾಗಿ ನೋಡಿಲ್ಲ. ಈಗ ದಾರಿಯಲ್ಲಿ ಸಿಕ್ಕರೆ ಮೆಟ್ಟಿನಿಂದಲೇ ಗುರುತಿಸಬೇಕು.

22 ನವೆಂಬರ್, ಶುಕ್ರವಾರ

ಮುನೆಪ್ಪಣ್ಣನಿಗೆ ಹೇಳಿದೆ. ಓದಿ ಹೇಳಿದೆ ಅನ್ನಬೇಕು, ಈ ನೋಟ್‌ಬುಕ್ ತೆಗೆದುಕೊಂಡು ಹೋಗಿದ್ದೆ. ಅವರು ಎದ್ದು ಸ್ಕೂಟರ್ ತೆಗೆದರು. ಕಿರ್ರು ಮೆಟ್ಟು ಮಾಡುವವರು ಈಗ ಯಾರೂ ಇಲ್ಲ, ಎಲ್ಲ ಹವಾಯಿ ಚಪ್ಪಲಿ. ಮೂರು ಊರು ಸುತ್ತಿ ಆಂಜಿನಪ್ಪ ಎಂಬ ಮುದುಕರನ್ನು ಹಿಡಿದೆವು.

‘ಕಿರ್ರಾ? ಇಪ್ಪತ್ ವರ್ಷ ಆಯ್ತಪ್ಪ, ಒಬ್ರೂ ಕೇಳಾಕಿಲ್ಲ,’ ಅಂದರು. ‘ಯಾರಿಗೆ? ಮದುವೆ ಗಂಡ್ಗಾ?’

‘ದೆವ್ವಕ್ಕೆ,’ ಅಂದರು ಮುನೆಪ್ಪಣ್ಣ.

ಆಂಜಿನಪ್ಪ ಸ್ವಲ್ಪ ಯೋಚಿಸಿದರು. ‘ಅಳತೆ?’

ಎರಡು ತೊಗಲಿನ ನಡುವೆ ಏನು ಇಡುತ್ತೀರಿ ಎಂದು ಕೇಳಿದೆ. ಅದನ್ನು ಹೇಳುವುದಿಲ್ಲವಂತೆ. ಅವರ ಅಪ್ಪನೂ ಅವರಿಗೆ ಸಾಯುವ ಮುಂಚಿನ ವಾರ ಹೇಳಿದ್ದು. ಆದರೆ ಒಂದು ಹೇಳಿದರು: ‘ಒಂದು ಜೊತೆ ದನಿ ಇನ್ನೊಂದಕ್ಕೆ ಬರಾಕಿಲ್ಲ. ಮಾಡಿದ ಕೈ ಬ್ಯಾರೆ, ತುಳಿಯೋ ಕಾಲು ಬ್ಯಾರೆ.’

1 ಡಿಸೆಂಬರ್, ಭಾನುವಾರ

ಮೆಟ್ಟು ಬಂತು. ಕೈಗೆ ಹಾಕಿಕೊಂಡು ಹಲಗೆಯ ಮೇಲೆ ಒತ್ತಿ ರೆಕಾರ್ಡ್ ಮಾಡಿದೆ. ಓಬಳಪ್ಪ ಹಳೇ ಮನೆಯಲ್ಲಿ ಬೆನ್ನು ತಿರುಗಿಸಿ ಊಟಕ್ಕೆ ಕೂರುವ ಸೀನಿಗೆ ಸೇರಿಸಿದೆ. ಪಿಟೀಲಿಲ್ಲ, ಹುಳವಿಲ್ಲ, ಬರೀ ಹೆಜ್ಜೆ. ಹನ್ನೊಂದು ಹೆಜ್ಜೆ. ಆಮೇಲೆ ಏನೂ ಇಲ್ಲ. ಅವನು ತುತ್ತು ಎತ್ತಿದವನು ಎತ್ತಿದಂತೆಯೇ. ಎಷ್ಟು ಹೊತ್ತು ಏನೂ ಇರಬಾರದು ಎಂದು ಲೆಕ್ಕ ಹಾಕಲಿಲ್ಲ. ನಾನು ಆ ಬೆಂಚಿನಲ್ಲಿ ಉಸಿರು ಹಿಡಿಯುತ್ತಿದ್ದಷ್ಟು ಹೊತ್ತು ಬಿಟ್ಟೆ.

ಈ ಸಲ ನಾನು ಟಿವಿಗೆ ಬೆನ್ನು ಮಾಡಿ ಕೂತೆ. ಮುನೆಪ್ಪಣ್ಣ ಮತ್ತು ಆದಿಲಕ್ಷ್ಮಮ್ಮ ಎದುರಿಗೆ.

ಕಿರ್ರ್ ಶುರುವಾದಾಗ ಆದಿಲಕ್ಷ್ಮಮ್ಮ ನಕ್ಕರು. ‘ಮದುವೆ ಗಂಡು ಬಂದಂಗೈತೆ.’ ಐದನೇ ಹೆಜ್ಜೆಗೂ ನಗುತ್ತಿದ್ದರು. ಹನ್ನೊಂದಕ್ಕೆ ಸದ್ದು ನಿಂತಿತು.

ಮುನೆಪ್ಪಣ್ಣ ಕಾಲು ಮೇಲೆ ಕಾಲು ಹಾಕಿ ಕೂತಿದ್ದವರು ಕಾಲು ಇಳಿಸಿದರು. ಬೆನ್ನು ನೆಟ್ಟಗಾಯಿತು. ಎರಡೂ ಕೈ ಮೊಣಕಾಲ ಮೇಲೆ. ಆದಿಲಕ್ಷ್ಮಮ್ಮ ಸೆರಗನ್ನು ಎಳೆದು ಹೆಗಲಿಗೆ ಹೊದ್ದರು. ಇಬ್ಬರೂ ಟಿವಿ ನೋಡುತ್ತಿರಲಿಲ್ಲ, ನೆಲ ನೋಡುತ್ತಿದ್ದರು.

ಸೀನು ಮುಗಿಯಿತು.

‘ನಮ್ಮೂರ್ ಪಟೇಲ,’ ಅಂದರು ಮುನೆಪ್ಪಣ್ಣ. ‘ನಮ್ ಬಾಗ್ಲು ಮುಂದೆ ಅವನ ಮೆಟ್ಟು ನಿಂತ್ರೆ ನಮ್ಮಪ್ಪ ಉಣ್ತಾ ಇದ್ರೂ ಎದ್ದು ನಿಂತ್ಕಂಡ್ಬುಡೋನು. ಕೈ ತೊಳೀತಿರ್ಲಿಲ್ಲ.’

‘ನಮ್ಮತ್ತೆ ಬಳೆ,’ ಅಂದರು ಆದಿಲಕ್ಷ್ಮಮ್ಮ. ‘ಸದ್ದು ಮಾಡ್ತಾ ಇದ್ರೆ ಎಲ್ಲೋ ಅವ್ಳೆ ಬಿಡು ಅಂತ. ನಿಂತ್ರೆ ನನ್ ಬೆನ್ನಿಂದೆ ಅವ್ಳೆ.’ ಆಮೇಲೆ ನನಗೆ, ‘ತೆಗೀಲಾ ಅದ್ನ.’

‘ತೆಗಿಯಾಕಿಲ್ಲ,’ ಅಂದರು ಮುನೆಪ್ಪಣ್ಣ. ‘ಬೆಂಗ್ಳೂರ್ ಕ್ಯಾಸೆಟ್ ಬ್ಯಾಡ. ಕೊನೇ ತನಕ ಇವನೇ ಮಾಡ್ಲಿ.’ ಎದ್ದು ಹೊರಗೆ ಹೋಗಿ ನೀರು ಕುಡಿದು ಬಂದರು. ‘ಆದ್ರೆ ಅಕ್ಕ ಹೇಳಿದ್ದು ನಿಜ ಕಣ್ಲಾ. ನಿಲ್ಲೋದು ಸರಿಯಾಗೈತೆ, ಬರೋದು ಸರಿಯಾಗಿಲ್ಲ. ಗಂಡು ಬಂದಂಗೇ ಬತ್ತಾ ಐತೆ. ನಿಮ್ ಸಾರಿಂದು ಹಿಂಗೇ ಇತ್ತಾ?’

ಇಲ್ಲ. ಸರ್ ಅವರದು ಇನ್ನೂ ಕೆಳಗೆ, ಒಣಗಿದ್ದು, ಕೊನೆಯಲ್ಲಿ ಒಂದು ಸಣ್ಣ ಬಿರುಕು. ಸಾಯುವ ಸೆಲ್ಲು ಹಾಕಿ ಎಳೆದು ನೋಡಿದೆ, ಗಂಡಿಗೆ ವಯಸ್ಸಾಯಿತು ಅಷ್ಟೇ.

ನಾನು ಈ ಸಲವೂ ಹೆದರಲಿಲ್ಲ, ಕೆಲಸ ಮಾಡುತ್ತಿದ್ದೆ. ಮುನೆಪ್ಪಣ್ಣ ಮೀಟ್ರಿನ ಬಗ್ಗೆ ಏನೂ ಕೇಳಲಿಲ್ಲ.

3 ಡಿಸೆಂಬರ್, ಮಂಗಳವಾರ

ಅಸಲು ದನಿ ಬೇಕಾದರೆ ಇರುವುದು ಒಂದೇ ದಾರಿ. ಬೆಳಿಗ್ಗೆ ಕ್ಲಾಸ್ ಶುರುವಾಗುವ ಮುಂಚೆ ಸರ್ ಅವರಿಗೇ ಕಾಗದ ಬರೆದು ಪೋಸ್ಟ್ ಮಾಡಿದೆ. ಅರ್ಧ ಗಂಟೆ ಹಿಡಿಯಿತು. ನಕಲು ಇಲ್ಲಿ ಇಡುತ್ತಿದ್ದೇನೆ.

*ಎರ್ರಪ್ಪ ಸರ್ ಅವರಿಗೆ, ನಿಮ್ಮ ಹಳೆಯ ವಿದ್ಯಾರ್ಥಿ ಮರುಳಸಿದ್ದನ ನಮಸ್ಕಾರಗಳು. ಐದನೇ ಕ್ಲಾಸಿನಿಂದ ಎಂಟರವರೆಗೆ ನಿಮ್ಮ ಹಾಸ್ಟೆಲಿನಲ್ಲಿದ್ದೆ, ಎಡಗಡೆ ಸಾಲು, ಮೂರನೇ ಬೆಂಚು. ಸ್ಕೂಲಿನಲ್ಲಿ ಕನ್ನಡ ಮಾತಾಡಿದರೆ ಶಿಕ್ಷೆ ಇತ್ತು. ಈಗ ನಾನು ಹೊರಗೆ ಬಂದಿರುವುದರಿಂದ ಕನ್ನಡದಲ್ಲೇ ಬರೆಯುತ್ತಿದ್ದೇನೆ.*

*ನಾನು ಹಿಂದೂಪುರದಲ್ಲಿ ಒಂದು ದೆವ್ವದ ಪಿಕ್ಚರಿಗೆ ಸಂಗೀತ ಮಾಡುತ್ತಿದ್ದೇನೆ. ಅದರಲ್ಲಿ ಒಂದು ಕಡೆ ನಿಮ್ಮ ಮೆಟ್ಟಿನ ಸದ್ದು ಬೇಕಾಗಿದೆ. ಬೇರೆಯವರಿಂದ ಮಾಡಿಸಿ ನೋಡಿದೆವು, ಬರಲಿಲ್ಲ. ಅದನ್ನು ಯಾವ ಊರಿನಲ್ಲಿ ಯಾರು ಮಾಡಿಕೊಟ್ಟರು ಎಂದು ತಿಳಿಸಬೇಕು. ಅವರು ಈಗ ಇಲ್ಲವಾದರೆ, ಮೆಟ್ಟನ್ನೇ ಪಾರ್ಸೆಲ್ ಮಾಡಿದರೆ ಒಂದು ವಾರದಲ್ಲಿ ವಾಪಸು ಕಳಿಸುತ್ತೇನೆ. ಎಡಗಾಲಿನದೊಂದೇ ಆದರೂ ಸಾಕು.*

*ಇನ್ನೊಂದು ವಿಷಯ. ನಾನು ಏಳನೇ ಕ್ಲಾಸಿನಲ್ಲಿದ್ದಾಗ, ಆಗಸ್ಟ್ ತಿಂಗಳ ಒಂದು ಬುಧವಾರ, ಸ್ಟಡಿ ಅವರ್‌ನಲ್ಲಿ ನೀವು ನನ್ನ ಹಿಂದೆ ನಿಂತಿರಿ. ನಾನು ಜಿಯಾಗ್ರಫಿ ಓದುತ್ತಿದ್ದೆ. ತಪ್ಪು ಏನೂ ಮಾಡಿರಲಿಲ್ಲ. ನೀವು ಹೊಡೆಯಲಿಲ್ಲ, ಮಾತಾಡಲಿಲ್ಲ, ಬೆಲ್ ಆಗುವವರೆಗೆ ನಿಂತಿದ್ದು ಹೋದಿರಿ. ನಾನು ತಿರುಗಿ ನೋಡಲಿಲ್ಲ. ಆವತ್ತು ಏಕೆ ನಿಂತಿರಿ ಎಂದು ನನಗೆ ಗೊತ್ತಾಗಬೇಕು. ಇದು ಪಿಕ್ಚರಿಗೆ ಬೇಕಾಗಿಲ್ಲ, ನನಗೆ ಬೇಕು.*

*ಹದಿಮೂರನೇ ತಾರೀಕು ಶುಕ್ರವಾರ ರೆಕಾರ್ಡಿಂಗ್ ಇದೆ. ದಯವಿಟ್ಟು ಬೇಗ ಉತ್ತರ ಬರೆಯಿರಿ.*